ಸುಂಕವೋ, ಮುಯ್ಯಿಯೋ?

ಸುಂಕದವನ ಮುಂದೆ ಸುಖದುಃಖ ಹೇಳಿಕೊಂಡು ಪ್ರಯೋಜನವಿಲ್ಲ ಎಂದು ಹಿರಿಯರು ಹೇಳಿದ್ದಾರೆ. ಆ ಹಿರಿಯರು ನಮ್ಮ ಸಣ್ಣಸ್ವಾಮಿಯನ್ನು ಕಂಡವರಲ್ಲ. ಹೊಳೆಸಾಲಿನ ಸಂತೆಯಲ್ಲಿ ಸುಂಕದವನೇ ಬಂದವರ ಮುಂದೆಲ್ಲ ತನ್ನ ಸುಖದುಃಖ ಹೇಳಿಕೊಂಡು ತಿರುಗಿದ. ಸುಖ ಅಂಥಾದ್ದೇನೂ ಇರಲಿಲ್ಲ.

ಇದು ಕೊಡಗು ಇನ್ನೂ ತನ್ನದೇ ರಾಜ್ಯವಾಗಿದ್ದ ಕಾಲದ ಮಾತು. ಮಡಿಕೇರಿಯಲ್ಲಿ ನಮ್ಮದೇ ಮಂತ್ರಿಗಳಿದ್ದರು, ಇಬ್ಬರೇ ಆದರೂ ಇದ್ದರು. ಹೊಳೆಸಾಲು ಕುಶಾಲನಗರದಿಂದ ಮೂರು ಮೈಲಿ. ಹಾಸನದ ಕಡೆಯಿಂದ ಬಂದು ನೆಲ ಹಸನು ಮಾಡಿ ರಾಗಿ, ಹೊಗೆಸೊಪ್ಪು ಬೆಳೆದುಕೊಂಡ ಎಂಬತ್ತೈದು ಮನೆಗಳ ಊರು. ಎಂಬತ್ತೈದು ಮನೆಯವರೂ ಒಬ್ಬರಿಗೊಬ್ಬರು ನೆಂಟರು. ಹೇಗೆ ನೆಂಟರು ಎಂದು ಕೇಳಿದರೆ ಮಧ್ಯಾಹ್ನದವರೆಗೆ ಹೇಳುತ್ತಾರೆ, ಕೊನೆಗೆ ಅವರಿಗೇ ಗೊಂದಲವಾಗಿ ಎಲೆಅಡಿಕೆ ಹಾಕಿಕೊಳ್ಳುತ್ತಾರೆ. ಆ ಊರಿನಲ್ಲಿ ಯಾರಿಗೂ ಏನೂ ಆಗದವನು ನಾನೊಬ್ಬ. ಮೂರ್ನಾಡಿನಿಂದ ವರ್ಗವಾಗಿ ಬಂದ ಶಾಲಾ ಮೇಷ್ಟ್ರು.

ಊರಿನಲ್ಲಿ ಶುಕ್ರವಾರ ಸಂತೆ. ಬುಟ್ಟಿಗೆ ಅರ್ಧಾಣೆ, ತಲೆಹೊರೆಗೆ ಒಂದಾಣೆ, ಗಾಡಿಗೆ ನಾಲ್ಕಾಣೆ ಸುಂಕ. ಇದನ್ನು ಎತ್ತುವ ತಲೆನೋವು ಬೇಡವೆಂದು ಪಂಚಾಯಿತಿಯವರು ವರ್ಷಕ್ಕೊಮ್ಮೆ ಹರಾಜು ಹಾಕಿ, ಹೆಚ್ಚು ಕೂಗಿದವನಿಗೆ ಗುತ್ತಿಗೆ ಕೊಟ್ಟುಬಿಡುತ್ತಿದ್ದರು. ಅವನು ಪಂಚಾಯಿತಿಗೆ ಒಪ್ಪಿದ ಹಣ ಕಟ್ಟಬೇಕು, ಸಂತೆಯಲ್ಲಿ ಎತ್ತಿದ್ದು ಅವನದು. ಒಂಬತ್ತು ವರ್ಷದಿಂದ ಈ ಗುತ್ತಿಗೆ ದೇರಪ್ಪನದು. ದೇರಪ್ಪ ಭಾಗಮಂಡಲದ ಕಡೆಯವನು, ಅರೆಭಾಷೆ ಮಾತಿನವನು, ಮೀಸೆಯವನು. ಪ್ರತಿ ವರ್ಷ ನೂರ ನಲವತ್ತು ರೂಪಾಯಿ ಎನ್ನುತ್ತಿದ್ದ, ಬೇರೆ ಯಾರೂ ಬಾಯಿ ಬಿಡುತ್ತಿರಲಿಲ್ಲ, ಎಲ್ಲರೂ ಕಾಫಿ ಕುಡಿದು ಹೋಗುತ್ತಿದ್ದರು.

ಆ ವರ್ಷ ಹರಾಜು ನೋಡಲು ಸಣ್ಣಸ್ವಾಮಿಯೂ ಹೋಗಿದ್ದ. ನಲವತ್ತೆರಡು ವಯಸ್ಸು, ಮೂರೆಕರೆ ಹೊಲ, ಒಂದು ಜೊತೆ ಎತ್ತು, ನಿಂಗಮ್ಮ ಎಂಬ ಹೆಂಡತಿ, ಇಷ್ಟು ಅವನ ಆಸ್ತಿ. ಊರಿಗೆ ಊರೇ ಅವನನ್ನು 'ಲೇ ಸಣ್ಣ' ಎನ್ನುತ್ತಿತ್ತು. ಪಂಚಾಯಿತಿ ಜಗಲಿಯಲ್ಲಿ ಖಾಲಿ ಕುರ್ಚಿಯೊಂದನ್ನು ಕಂಡು ಕೂತಿದ್ದ. ಅಷ್ಟರಲ್ಲಿ ದೇರಪ್ಪ ಬಂದ.

"ಬನ್ನಿ, ಬನ್ನಿ, ಗುತ್ತಿಗೆದಾರರೇ!" ಎಂದರು ಅಧ್ಯಕ್ಷರು. ಆಮೇಲೆ ಈ ಕಡೆ ತಿರುಗಿ, "ಲೇ ಸಣ್ಣ, ಏಳ್ಲಾ ಮ್ಯಾಕೆ!" ಎಂದರು.

ಸಣ್ಣಸ್ವಾಮಿ ಎದ್ದ. ದೇರಪ್ಪ ಕೂತ. ಹರಾಜು ಶುರುವಾಗಿ, ನೂರ ನಲವತ್ತು ಒಂದು ಸಲ, ನೂರ ನಲವತ್ತು ಎರಡು ಸಲ ಎನ್ನುವಷ್ಟರಲ್ಲಿ ಗೋಡೆಗೊರಗಿ ನಿಂತವನು ಕೂಗಿದ: "ಮುನ್ನೂರು!"

ಏಕೆ ಮುನ್ನೂರು ಎಂದು ಆಮೇಲೆ ನಾನು ಕೇಳಿದೆ. "ನೂರ ನಲವತ್ತರ ಮುಂದ್ಕೆ ಎಷ್ಟು ಅಂತ ಹೊಳೀಲಿಲ್ಲ ಮೇಷ್ಟ್ರೇ. ಮುನ್ನೂರು ಬಾಯಿಗೆ ಸಲೀಸಾಗಿ ಬಂತು" ಎಂದ.

ಕರಾರು ಪತ್ರ ಅಲ್ಲೇ ಬರೆದರು. ಎತ್ತಿನ ಜೋಡಿ ಜಾಮೀನು. ನಾಲ್ಕನೆಯ ಷರತ್ತನ್ನು ಗುಮಾಸ್ತ ಎರಡು ಸಲ ಓದಿದ: ರಶೀದಿ ಕೊಡದೆ ಸುಂಕ ವಸೂಲು ಮಾಡಿದರೆ ಗುತ್ತಿಗೆ ರದ್ದು, ಜಾಮೀನಿನ ಎತ್ತುಗಳು ಹರಾಜು. ಸಣ್ಣಸ್ವಾಮಿ ಹೆಬ್ಬೆಟ್ಟೊತ್ತಿದ. ಷರತ್ತು ಅವನ ಕಿವಿಗೆ ಬಿದ್ದಿತೋ ಇಲ್ಲವೋ, 'ಗುತ್ತಿಗೆದಾರ ಸಣ್ಣಸ್ವಾಮಿ' ಎಂದು ಗುಮಾಸ್ತ ತೋರಿಸಿದ ಸಾಲು ಮಾತ್ರ ಕಣ್ಣಿಗೆ ಬಿತ್ತು. ಓದಲು ಬಾರದವನು ಅದನ್ನು ಬೆರಳಿಟ್ಟು ಸವರಿ ನೋಡಿದ.

ಮೊದಲ ಶುಕ್ರವಾರ ಅವನು ನನ್ನ ಶಾಲೆಯ ಕುರ್ಚಿ ಎತ್ತಿಕೊಂಡು ಹೋದ. ಅಂದಿನಿಂದ ಶುಕ್ರವಾರ ನಾನು ನಿಂತೇ ಪಾಠ ಮಾಡಿದೆ. ಸಂತೆ ಮಾಳದ ಹಲಸಿನ ಮರದಡಿ ಕುರ್ಚಿ ಹಾಕಿ, ಯಾರದೋ ಕೋಟು ತೊಟ್ಟು, ಮಡಿಕೇರಿಯಲ್ಲಿ ಅಚ್ಚು ಹಾಕಿಸಿದ ರಶೀದಿ ಪುಸ್ತಕ ತೊಡೆಯ ಮೇಲಿಟ್ಟುಕೊಂಡು ಕೂತ. ಮೊದಲು ಬಂದವಳು ಸೊಪ್ಪಿನ ರಂಗಮ್ಮ, ಎಪ್ಪತ್ತು ದಾಟಿದ ಮುದುಕಿ.

"ಏನ್ಲಾ ಸಣ್ಣ, ಕುರ್ಚಿ ಮ್ಯಾಲೆ ಕುಂತಿದ್ದೀಯ? ಸೊಂಟ ಹಿಡ್ಕತಾ?"

"ಸುಂಕ ಕೊಡು ದೊಡ್ಡವ್ವ. ಬುಟ್ಟಿಗೆ ಅರ್ಧಾಣೆ."

"ಯಾರ್ಗೆ?"

"ನಂಗೆ."

"ನಿಂಗಾ? ನಿಮ್ಮವ್ವ ಬಾಣಂತಿ ಆಗಿದ್ದಾಗ ಮೂರ್ ತಿಂಗ್ಳು ನಿಂಗೆ ನೀರೆರ್ದವ್ಳು ನಾನು. ಅದ್ಕೆ ಯಾವ ಸುಂಕ ಎತ್ತುದ್ನಪ್ಪ ನಾನು?"

ಮುದುಕಿ ಎರಡು ಕಟ್ಟು ಹರಿವೆ ಸೊಪ್ಪು ಅವನ ತೊಡೆಯ ಮೇಲಿಟ್ಟು, "ನಿಂಗಿಗೆ ಕೊಡು, ಬಸ್ಸಾರು ಮಾಡ್ಲಿ" ಎಂದು ಒಳಗೆ ಹೋದಳು. ಹಿಂದೆಯೇ ಮಡಕೆ ಗಾಡಿಯ ಕೆಂಪಣ್ಣ ಬಂದ. ಅವನು ವರಸೆಯಲ್ಲಿ ಮಾವ. "ಅಳಿಮಯ್ಯ, ನಂಟ್ರತ್ರ ಸುಂಕ ಕೇಳಿದ್ರೆ ನಾಕು ಜನ ಏನಂದಾರು? ನಂಗಲ್ಲ, ನಿಂಗೇ ನಾಚ್ಕೆ" ಎಂದು ಬುದ್ಧಿ ಹೇಳಿ ಗಾಡಿ ಹೊಡೆದುಕೊಂಡು ಹೋದ. ಆಮೇಲೆ ಚಿಕ್ಕಪ್ಪಂದಿರು, ಭಾವಮೈದುನರು, ಹೆಂಡತಿಯ ಓರಗಿತ್ತಿಯ ತಂಗಿಯರು. ದೇರಪ್ಪ ಒಂಬತ್ತು ವರ್ಷ ಇವರಿಂದಲೇ ಸುಂಕ ಎತ್ತಿದ್ದ, ಏಕೆಂದರೆ ಅವನು ಯಾರಿಗೂ ಮಾವನೂ ಅಲ್ಲ, ಭಾವನೂ ಅಲ್ಲ. ಸಣ್ಣಸ್ವಾಮಿ ಸಂಜೆಯವರೆಗೆ ಎಲ್ಲರ ಮನೆಯ ಕ್ಷೇಮ ವಿಚಾರಿಸಿದ. ಕೊನೆಗೆ ನಾನು ಎರಡು ಹುಂಜ ಮಾರಲು ಹೋದೆ. ನನ್ನನ್ನು ಕಂಡು ಅವನ ಮುಖ ಅರಳಿತು.

"ಮೇಷ್ಟ್ರೇ, ನೀವು ನಮ್ಗೆ ಏನೂ ಆಗ್ಬೇಕಾಗಿಲ್ಲ, ಅಲ್ವಾ?"

"ಇಲ್ಲವಪ್ಪ."

"ದೇವ್ರು ದೊಡ್ಡವ್ನು. ಅರ್ಧಾಣೆ ತೆಗೀರಿ!"

ರಶೀದಿ ನಂಬರ್ ಒಂದು ನನ್ನ ಹೆಸರಿನಲ್ಲಿದೆ. ಅವನಿಗೆ ಬರೆಯಲು ಬಾರದ್ದರಿಂದ ಅದನ್ನು ಬರೆದವನೂ ನಾನೇ.

ಮೂರು ಶುಕ್ರವಾರ ಹೀಗೇ ಕಳೆಯಿತು. ಮೊದಲ ಕಂತು ಕಟ್ಟಲು ಮನೆಯ ರಾಗಿ ಮಾರಿದ. ನಿಂಗಮ್ಮ ದಿನವೂ ಕೊಟ್ಟಿಗೆಗೆ ಹೋಗಿ ಎತ್ತುಗಳ ಮೈ ಸವರಿ, ಗಂಡನಿಗೆ ಕೇಳುವಂತೆ, "ನಿಮ್ಮಪ್ಪ ನಿಮ್ನ ಮಾರ್ಕಂಡು ಕುರ್ಚಿ ಮ್ಯಾಲೆ ಕುಂತವ್ನೆ ಕಣ್ರಪ್ಪ" ಎಂದು ಬರುತ್ತಿದ್ದಳು. ಅವನ ಅವಸ್ಥೆ ನೋಡಲಾರದೆ ಕೆಂಪಣ್ಣನೇ ದಾರಿ ಹೇಳಿದ.

"ಸುಂಕ ಅಂತ ಕೊಡಾಕೆ ನಂಟ್ರಿಗೆ ಮನ್ಸು ಒಪ್ಪಲ್ಲ ಅಳಿಮಯ್ಯ. ಮುಯ್ಯಿ ಅಂತ ಬರ್ಕೊ. ಮುಯ್ಯಿ ಮಾಡಾಕೆ ಯಾರೂ ಇಲ್ಲ ಅನ್ನಾಕಿಲ್ಲ."

ಮುಯ್ಯಿ ಗೊತ್ತಲ್ಲ. ಮದುವೆ, ನಾಮಕರಣದಲ್ಲಿ ನೆಂಟರು ಒಂದೋ ಎರಡೋ ರೂಪಾಯಿ ಕೊಡುತ್ತಾರೆ, ಮನೆಯವರು ಪುಸ್ತಕದಲ್ಲಿ ಬರೆದಿಟ್ಟು ಅವರ ಮನೆಯ ಕಾರ್ಯಕ್ಕೆ ತಿರುಗಿಸುತ್ತಾರೆ. ಹೊಳೆಸಾಲಿನಲ್ಲಿ ಇದಕ್ಕೊಂದು ಕಟ್ಟುಪಾಡು. ತಿರುಗಿಸುವಾಗ ಮೇಲೆ ಒಂದು ಕಾಸಾದರೂ ಸೇರಿಸಬೇಕು. ಆಗ ಅವರು ನಮಗೆ ಬಾಕಿ, ಮುಂದೆ ನಾವು ಅವರಿಗೆ ಬಾಕಿ, ಹೀಗೆ ನೆಂಟಸ್ತಿಕೆ ನಡೆಯುತ್ತದೆ. ಸರಿಗೆ ಸರಿ ತಿರುಗಿಸಿದರೆ ಲೆಕ್ಕ ಹರಿಯಿತು, ನೆಂಟಸ್ತಿಕೆಯೂ ಹರಿಯಿತು. ಆಮೇಲೆ ನೀನು ಯಾರೋ, ನಾನು ಯಾರೋ.

ಸಣ್ಣಸ್ವಾಮಿಗೆ ಈ ಉಪಾಯ ಅಮೃತದಂತೆ ರುಚಿಸಿತು. ಒಂದು ಹೊಸ ನೋಟ್‌ಪುಸ್ತಕ ತಂದು ನನ್ನ ಕೈಯಲ್ಲಿಟ್ಟ. 'ಶ್ರೀ' ಬರೆದವನು ನಾನು, ಅರಿಶಿನ ಕುಂಕುಮ ಹಚ್ಚಿದವಳು ನಿಂಗಮ್ಮ. ಅಂದಿನಿಂದ ಶುಕ್ರವಾರ ಶಾಲೆಗೆ ಮುಂಚೆ ಸಂತೆ ಮಾಳದಲ್ಲಿ ಕೂತು ಬರೆಯುವ ಕೆಲಸವೂ ನನ್ನದೇ. ಮರು ಶುಕ್ರವಾರ ರಂಗಮ್ಮ ತಾನಾಗಿಯೇ ಸೆರಗಿನ ಗಂಟು ಬಿಚ್ಚಿ, "ಬರ್ಕೊ ಮೇಷ್ಟ್ರೇ, ನನ್ ಮಗನ್ಗೆ ಅರ್ಧಾಣೆ ಮುಯ್ಯಿ" ಎಂದಳು. ಗಾಡಿಯವರು ನಾಲ್ಕಾಣೆಯನ್ನು ವೀಳ್ಯದೆಲೆಯಲ್ಲಿಟ್ಟು ಕೊಟ್ಟರು. ಸಂತೆಯಲ್ಲಿ ಇಷ್ಟು ಮರ್ಯಾದೆಯ ವಸೂಲಿಯನ್ನು ನಾನು ಎಲ್ಲೂ ಕಂಡಿಲ್ಲ. ಇಪ್ಪತ್ತು ಶುಕ್ರವಾರ ಹೀಗೆ ನಡೆಯಿತು. ರಶೀದಿ ಪುಸ್ತಕ ತೆಗೆಯುವ ಅಗತ್ಯವೇ ಬೀಳಲಿಲ್ಲ. ವಿದ್ಯಾವಂತನಾದ ನನಗೂ ಇದರಲ್ಲಿ ತಪ್ಪು ಕಾಣಲಿಲ್ಲ ಎಂಬುದನ್ನು ಇಲ್ಲಿ ಒಪ್ಪಿಕೊಂಡುಬಿಡುತ್ತೇನೆ.

ಆಮೇಲೆ ಮದುವೆಯ ಕಾಲ ಬಂತು.

ಕೆಂಪಣ್ಣ ಎಲೆಅಡಿಕೆ ಹಿಡಿದು ಬಂದ. "ಅಳಿಮಯ್ಯ, ಮಗಳ ಮದ್ವೆ. ನಂದು ನಿನ್ ಪುಸ್ತಕ್ದಾಗೆ ಐದು ರೂಪಾಯಿ ಆಗದೆ. ಮೇಲೆ ಹಾಕಿ ತರ್ಬೇಕು, ಮರೀಬ್ಯಾಡ." ಮರುದಿನ ಮೂರು ಕರೆ ಬಂದವು. ಅದರ ಮರುದಿನ ಏಳು. ಒಬ್ಬನಂತೂ ಎರಡು ವರ್ಷದ ಮಗನಿಗೆ ಕಿವಿ ಚುಚ್ಚಿಸುವ ಕಾರ್ಯವನ್ನು ಅವಸರದಲ್ಲಿ ಇಟ್ಟುಕೊಂಡ. ಸಣ್ಣಸ್ವಾಮಿ ಪುಸ್ತಕ ಹಿಡಿದು ಓಡಿಬಂದ.

"ಮೇಷ್ಟ್ರೇ, ನಾನು ಇಷ್ಟು ದಿನ ಸುಂಕ ಎತ್ತುದ್ನೋ, ಸಾಲ ಎತ್ತುದ್ನೋ?"

ನಾನು ಕೂಡಿ ನೋಡಿದೆ. ಅವನದೂ ಅವನ ಅತ್ತೆಯದೂ ಬಿಟ್ಟು ಎಂಬತ್ತಮೂರು ಮನೆಗೂ ಬಾಕಿ. ಹಣವೆಲ್ಲ ಎರಡನೆಯ ಕಂತಿಗೆ ಹೋಗಿಯಾಗಿತ್ತು. ತಿರುಗಿಸಬೇಕೆಂದರೆ ಎತ್ತು ಮಾರಬೇಕು. ಅವನು ನನ್ನ ಮುಖ ನೋಡಿದ, ನಾನು ಗೋಡೆಯ ನಕ್ಷೆ ನೋಡಿದೆ.

ಇದು ಸಾಲದೆಂಬಂತೆ ಅದೇ ವಾರ ದೇರಪ್ಪ ಅರ್ಜಿ ಹಾಕಿದ: ಸದರಿ ಗುತ್ತಿಗೆದಾರನು ಇಪ್ಪತ್ತು ವಾರ ರಶೀದಿ ಕೊಡದೆ ಸುಂಕ ವಸೂಲು ಮಾಡಿದ್ದಾನೆ, ನಾಲ್ಕನೆಯ ಷರತ್ತಿನ ಪ್ರಕಾರ ಎತ್ತು ಹರಾಜು ಹಾಕಿ ಗುತ್ತಿಗೆಯನ್ನು ತನಗೆ ಕೊಡಿಸಬೇಕು. ತನಿಖೆಗೆ ಪಾರುಪತ್ಯಗಾರ ನಾಗೇಶ್ವರಯ್ಯನವರು ಬಂದರು. ಪಾರುಪತ್ಯಗಾರರೆಂದರೆ ನಮ್ಮ ನಾಡಿಗೆ ಅವರೇ ಸರ್ಕಾರ. ಮಡಿಕೇರಿಯ ವೈದಿಕ ಮನೆತನದವರು, ಮೆಲುಮಾತಿನವರು, ನಶ್ಯ ಹಾಕುವವರು. ಹಲಸಿನ ಮರದಡಿ ಶಾಲೆಯ ಕುರ್ಚಿಯಲ್ಲಿ ಕೂತರು. ಸಂತೆಗೆ ಬಂದವರೆಲ್ಲ ಸುತ್ತ ನೆರೆದರು.

"ಎಂತ ಸ್ವಾಮಿ, ಈ ರಶೀದಿ ಪುಸ್ತಕ ನೋಡಿ" ಎಂದ ದೇರಪ್ಪ. ಅವನ ಅರೆಭಾಷೆಯಲ್ಲಿ 'ಉಟ್ಟು' ಎಂದರೆ ಇದೆ. "ರಶೀದಿ ಒಂದೇ ಒಂದು ಉಟ್ಟು. ಅದೂ ಮೇಷ್ಟ್ರದು. ಬೇರೆ ಯಾರಿಗೂ ಇಲ್ಲೆ. ದುಡ್ಡು ಮಾತ್ರ ಎಲ್ಲರದೂ ಬಂದುಟ್ಟು!"

ನಾಗೇಶ್ವರಯ್ಯನವರು ಸಣ್ಣಸ್ವಾಮಿಯ ಕಡೆ ತಿರುಗಿದರು. "ಏನಪ್ಪಾ, ಹಣ ತೆಗೆದುಕೊಂಡದ್ದು ಹೌದೋ?"

"ಹೌದು ಬುದ್ಧಿ."

"ಅದು ಸುಂಕವೋ?"

ಸಣ್ಣಸ್ವಾಮಿ ಲೆಕ್ಕ ಹಾಕಿದ. ಸುಂಕವೆಂದರೆ ಎತ್ತು ಪಂಚಾಯಿತಿಗೆ, ಮುಯ್ಯಿ ಎಂದರೆ ಎತ್ತು ನೆಂಟರಿಗೆ. ಎರಡು ಕಡೆಯೂ ಅವೇ ಎರಡು ಎತ್ತು.

"ಕೊಡೋವಾಗ ಮುಯ್ಯಿ ಬುದ್ಧಿ. ಕಟ್ಟೋವಾಗ ಸುಂಕ" ಎಂದ.

"ನಡುವೆ?"

"ನಡುವೆ ನನ್ ಜೇಬ್ನಾಗಿತ್ತು."

ನಾಗೇಶ್ವರಯ್ಯನವರು ಒಂದು ಚಿಟಿಕೆ ನಶ್ಯ ಹಾಕಿ ನೆರೆದವರನ್ನು ಕೇಳಿದರು. ಎಂಬತ್ತಮೂರು ಮನೆಯವರೂ ಒಂದೇ ಬಾಯಲ್ಲಿ, "ಮುಯ್ಯಿ ಸ್ವಾಮಿ, ಮುಯ್ಯಿ!" ಎಂದರು. ಬಿಡುತ್ತಾರೆಯೇ? ತಿರುಗಿ ಬರಬೇಕಾದ ಹಣ.

"ಹಾಗಾದರೆ ಮುಯ್ಯಿ ಮಾಡಿದ್ದು ಯಾವ ಶುಭಕಾರ್ಯಕ್ಕೆ? ಇವರ ಮನೆಯಲ್ಲಿ ಏನು ನಡೆಯಿತು?"

ಇದನ್ನು ಯಾರೂ ಯೋಚಿಸಿರಲಿಲ್ಲ. ಸಣ್ಣಸ್ವಾಮಿಗೆ ಮಕ್ಕಳಿಲ್ಲ, ಮನೆ ಹಳೆಯದು. ಒಬ್ಬ "ಗೃಹಪ್ರವೇಶ" ಎಂದ. ಒಬ್ಬಳು "ಸೀಮಂತ" ಎಂದಳು. ಯಾರದು ಎಂದಾಗ ಕೆಂಪಣ್ಣ ಮುಂದೆ ಬಂದು, ಗುತ್ತಿಗೆಯನ್ನೂ ತನ್ನ ಐದು ರೂಪಾಯಿಯನ್ನೂ ಒಟ್ಟಿಗೆ ಉಳಿಸುವ ಉಮೇದಿನಲ್ಲಿ, ಗಟ್ಟಿಯಾಗಿ ಹೇಳಿದ: "ಇವನ ಮದ್ವೆಗೆ ಸ್ವಾಮಿ!"

"ಮದುವೆ? ಯಾವಾಗ?"

"ಈಗ್ಲೇ... ಈ ವರ್ಷ್ವೇ ಸ್ವಾಮಿ. ಎರಡನೇ ಮದ್ವೆ."

ನಾಗೇಶ್ವರಯ್ಯನವರು ಅದನ್ನು ಬರೆದುಕೊಂಡರು. ಸಂತೆಯಲ್ಲಿ ಮಾತಿಗೆ ಕಾಲಿದೆ. ಐದು ನಿಮಿಷದಲ್ಲಿ ಅದು ನಿಂಗಮ್ಮನ ಅಡುಗೆಮನೆ ಮುಟ್ಟಿತು, ಇನ್ನೈದು ನಿಮಿಷದಲ್ಲಿ ನಿಂಗಮ್ಮ ಮುದ್ದೆಕೋಲು ಹಿಡಿದು ಹಲಸಿನ ಮರ ಮುಟ್ಟಿದಳು.

"ಯಾವಳು ಅವಳು? ತೋರ್ಸು! ಎತ್ತು ಅಡ ಇಟ್ಟಿದ್ದು ಇದ್ಕಾ? ಕೋಟು ಇಕ್ಕಂಡಿದ್ದು ಇದ್ಕಾ?"

"ನಂಗೂ ಗೊತ್ತಿಲ್ಲ ಕಣೇ ಯಾವಳು ಅಂತ! ಮಾವನ್ನೇ ಕೇಳು!" ಎಂದು ಸಣ್ಣಸ್ವಾಮಿ ಪಾರುಪತ್ಯಗಾರರ ಹಿಂದೆ ನಿಂತ. ಮುದ್ದೆಕೋಲಿಗೂ ಸಣ್ಣಸ್ವಾಮಿಗೂ ನಡುವೆ ಕೊಡಗು ಸರ್ಕಾರ ಕುಳಿತಿತ್ತು.

"ಅಮ್ಮಾ, ಸಮಾಧಾನ. ಆ ಕೋಲನ್ನು ಸ್ವಲ್ಪ ಕೆಳಗಿಡಿ" ಎಂದರು ನಾಗೇಶ್ವರಯ್ಯನವರು. "ದೇರಪ್ಪನವರೇ, ನಿಮ್ಮ ಅರ್ಜಿಯಲ್ಲಿ ಈ ಮದುವೆಯ ವಿಷಯವೇ ಇಲ್ಲವಲ್ಲ?"

"ನಂಗೆ ಹೇಂಗೆ ಗೊತ್ತು ಸ್ವಾಮಿ? ನನ್ನ ಕರ್ದೇ ಇಲ್ಲೆ!" ಎಂದ ದೇರಪ್ಪ, ನಿಜಕ್ಕೂ ನೊಂದುಕೊಂಡು.

ಆಗ ಗುಂಪು ಸೀಳಿಕೊಂಡು ಹುಚ್ಚಮ್ಮ ಬಂದಳು. ನಿಂಗಮ್ಮನ ತಾಯಿ. ಊರ ಆಚೆ ತುದಿಯಲ್ಲಿ ಒಬ್ಬಳೇ ಇದ್ದು, ಹದಿನಾಲ್ಕು ವರ್ಷದಿಂದ ಊರಿನವರ ಜೊತೆ ಮಾತು ಬಿಟ್ಟವಳು. ಏಕೆಂದು ಎಲ್ಲರಿಗೂ ಮರೆತುಹೋಗಿತ್ತು. ಅವಳಿಗೆ ಮರೆತಿರಲಿಲ್ಲ. ಮಗಳ ಕೈಯ ಮುದ್ದೆಕೋಲು ಕಿತ್ತುಕೊಂಡು ನೆಲಕ್ಕೆ ಕುಟ್ಟಿದಳು.

"ಯಾವ್ ಮದ್ವೆ ಅಂತ ನಾನ್ ಹೇಳ್ತೀನಿ ಬರ್ಕೊಳ್ಳಿ ಸ್ವಾಮಿ. ನನ್ ಮಗಳ್ದೂ ಇವನ್ದೂ ಮದ್ವೆ. ಹದಿನಾಲ್ಕು ವರ್ಷ ಆಯ್ತು. ಅದ್ಕೂ ಮುಂಚೆ ನಮ್ಮನೆಯೋರು ಈ ಊರಿನ ಒಂದೊಂದು ಮನೆಗೂ ಮುಯ್ಯಿ ಮಾಡಿದ್ರು. ನಮ್ಮನೆ ಮದ್ವೆ ದಿನ ಎಲ್ರೂ ಬಂದ್ರು, ಉಂಡ್ರು. ಆ ವರ್ಷ ಹೊಳೆ ಬಂದು ರಾಗಿ ಕೊಚ್ಕಂಡ್ ಹೋಗಿತ್ತು. ಬೆಳೆ ಬಂದಾಗ ಮುಯ್ಯಿ ಮಾಡ್ತೀವಿ ಅಂತ ಕೈ ತೊಳ್ಕಂಡ್ ಹೋದ್ರು. ಒಬ್ರೂ ತಿರುಗಿ ನೋಡ್ಲಿಲ್ಲ. ನಮ್ಮನೆಯೋರು ಅದೇ ಕೊರಗ್ನಾಗೆ ಹೋದ್ರು." ಕೋಲಿನ ತುದಿಯಿಂದ ನನ್ನ ಕೈಯ ಮುಯ್ಯಿ ಪುಸ್ತಕ ತೋರಿಸಿದಳು. "ಮೇಷ್ಟ್ರೇ, ಓದಿ. ಕೆಂಪಣ್ಣಂದು ಎಷ್ಟದೆ?"

ನಾನು ಓದಿದೆ. "ಐದು ರೂಪಾಯಿ."

"ಈ ಕೆಂಪಣ್ಣನ ಮದ್ವೇಲಿ ನಮ್ಮೋರು ಮಾಡಿದ್ದು ಐದು ರೂಪಾಯಿ. ಸರಿಗೆ ಸರಿ. ರಂಗಮ್ಮಂದು?"

"ಹತ್ತಾಣೆ."

"ಮೊಮ್ಮಗನ ಹೆಸರಿಡೋವಾಗ ಹತ್ತಾಣೆ. ಸರಿಗೆ ಸರಿ."

ಎಂಬತ್ತಮೂರು ಮನೆಯ ಲೆಕ್ಕ ಅವಳ ಬಾಯಲ್ಲಿತ್ತು. ಅದು ಪುಸ್ತಕಕ್ಕೆ ಅಷ್ಟು ಸರಿಯಾಗಿ ಹೊಂದುವುದು ಸಾಧ್ಯವೇ ಎಂದು ನನಗೆ ಇಂದಿಗೂ ಅನುಮಾನ. ಆದರೆ ಎದುರು ಹೇಳಲು ಒಬ್ಬರಿಗೂ ಬಾಯಿಲ್ಲ. ಉಂಡದ್ದು ನಿಜ, ಕೊಡದೆ ಹೋದದ್ದು ನಿಜ. ಕೊನೆಯ ಮನೆಗೂ "ಸರಿಗೆ ಸರಿ" ಎಂದು ಹೇಳಿ ಹುಚ್ಚಮ್ಮ ಕೋಲನ್ನು ಮಗಳಿಗೆ ವಾಪಸು ಕೊಟ್ಟಳು.

ನಾಗೇಶ್ವರಯ್ಯನವರು ಹಣೆ ಒರೆಸಿಕೊಂಡು ತೀರ್ಪು ಬರೆದರು. ಸದರಿ ಸಣ್ಣಸ್ವಾಮಿಯ ವಿವಾಹದ ಮುಯ್ಯಿಯು ಹದಿನಾಲ್ಕು ವರ್ಷ ತಡವಾಗಿ, ಇಪ್ಪತ್ತು ಶುಕ್ರವಾರಗಳಲ್ಲಿ, ಸಂತೆ ಮಾಳದಲ್ಲಿ ಸಂದಾಯವಾಗಿರುತ್ತದೆ. ವಧು ಅವಳೇ. ಸುಂಕ ವಸೂಲಾಗಿಲ್ಲವಾದ್ದರಿಂದ ರಶೀದಿಯ ಪ್ರಶ್ನೆ ಬರುವುದಿಲ್ಲ. ಎತ್ತುಗಳು ಯಥಾಸ್ಥಾನದಲ್ಲಿರತಕ್ಕದ್ದು. ಮುಂದೆ ಕರಾರಿನಂತೆ ರಶೀದಿ ಕೊಟ್ಟು ಸುಂಕ ಎತ್ತತಕ್ಕದ್ದು.

ಎತ್ತು ಉಳಿಯಿತು. ಸಣ್ಣಸ್ವಾಮಿ ಅತ್ತೆಯ ಕಾಲಿಗೆ ಬಿದ್ದ. ಆದರೆ ನೆಂಟರು ಯಾರೂ ನಗಲಿಲ್ಲ, ಒಬ್ಬೊಬ್ಬರಾಗಿ ಮೈ ಕೊಡವಿ ಎದ್ದುಹೋದರು. ಸರಿಗೆ ಸರಿ ಎಂದರೆ ಏನೆಂಬುದು ನನಗಾಗ ಹೊಳೆಯಲಿಲ್ಲ, ಅವನಿಗೂ ಹೊಳೆಯಲಿಲ್ಲ.

ಮರು ಶುಕ್ರವಾರ ಹೊಳೆಯಿತು. ಮೊದಲು ಬಂದವನು ಕೆಂಪಣ್ಣ. ಗಾಡಿ ನಿಲ್ಲಿಸಿ, ನಾಲ್ಕಾಣೆ ನೀಡಿ, "ತಗೊಳ್ಳಿ ಗುತ್ತಿಗೆದಾರರೇ. ರಶೀದಿ ಕೊಡಿ" ಎಂದ. ಅಳಿಮಯ್ಯ ಇಲ್ಲ. ಮಗಳ ಮದುವೆ ಮುಂದಿನ ಬುಧವಾರವೇ ಇತ್ತು, ಆ ಮಾತೂ ಎತ್ತಲಿಲ್ಲ. ಹಿಂದೆ ಬಂದವರೂ ಹಾಗೇ. "ಸುಂಕ ಸ್ವಾಮಿ", "ರಶೀದಿ ಸ್ವಾಮಿ". ಯಾರೂ ಕ್ಷೇಮ ಕೇಳಲಿಲ್ಲ, ಯಾರೂ ಬುದ್ಧಿ ಹೇಳಲಿಲ್ಲ. ಹತ್ತು ಗಂಟೆಗೆಲ್ಲ ರಶೀದಿ ಬರೆದು ನನ್ನ ಕೈ ಸೋತಿತ್ತು. ಇಷ್ಟು ಸಲೀಸಾದ ವಸೂಲಿ ದೇರಪ್ಪನಿಗೂ ಆಗಿರಲಾರದು. ಸಣ್ಣಸ್ವಾಮಿ ಮಾತ್ರ ಕೋಟಿನೊಳಗೆ ಸಣ್ಣಗಾಗುತ್ತಾ ಹೋದ.

ರಂಗಮ್ಮ ಬಂದಳು. ತಲೆ ತಗ್ಗಿಸಿ ಅರ್ಧಾಣೆ ನೀಡಿದಳು. "ತಗೊಳ್ಳಿ ಸ್ವಾಮಿ."

"ದೊಡ್ಡವ್ವ..."

"ರಶೀದಿ ಬರ್ಸಿ ಸ್ವಾಮಿ, ಸೊಪ್ಪು ಬಾಡ್ತದೆ."

ಸಣ್ಣಸ್ವಾಮಿ ಎದ್ದು ನಿಂತ. ಅರ್ಧಾಣೆಯನ್ನು ನನ್ನ ಮುಂದಿಟ್ಟು ರಶೀದಿ ಬರೆಸಿ ಅವಳಿಗೆ ಕೊಟ್ಟ. ಆಮೇಲೆ ಕೋಟಿನ ಜೇಬು ತಡಕಿ, ಒಂದು ಕಾಸು ತೆಗೆದು ಅವಳ ಅಂಗೈಯಲ್ಲಿಟ್ಟ.

"ಇದೇನು ಸ್ವಾಮಿ?"

"ಮುಯ್ಯಿ."

"ಯಾವ್ ಕಾರ್ಯಕ್ಕೆ?"

"ನಂಗೊತ್ತಿಲ್ಲ ದೊಡ್ಡವ್ವ. ಯಾವ್ದಾದ್ರೂ ಬತ್ತದೆ ಬುಡು. ಈಗ ನೀನು ನಂಗೆ ಬಾಕಿ. ತಿರುಗ್ಸೋವಾಗ ಮೇಲೆ ಹಾಕಿ ಕೊಡ್ಬೇಕು, ಗೊತ್ತಾಯ್ತಾ?" ಎಂದ.

ಮುದುಕಿ ಕಾಸನ್ನು ನೋಡಿದಳು, ಅವನನ್ನು ನೋಡಿದಳು. ಕಾಸನ್ನು ಸೆರಗಿಗೆ ಕಟ್ಟಿಕೊಂಡಳು.

"ಲೇ ಸಣ್ಣ, ಆ ಕೋಟು ಬಿಚ್ಲಾ. ಬಿಸ್ಲಲ್ಲಿ ಬೆವ್ರಿ ಸಾಯ್ತೀಯ" ಎಂದಳು.

ಅವನು ಕೋಟು ಬಿಚ್ಚಿ ಕುರ್ಚಿಗೆ ನೇತುಹಾಕಿ, ಅಂಗಡಿ ಅಂಗಡಿಗೂ ಹೋದ. ಎಂಬತ್ತಮೂರು ಮನೆಗೂ ಒಂದೊಂದು ಕಾಸು. ಸುತ್ತು ಮುಗಿಯುವುದರೊಳಗೆ ಸಂತೆಯಲ್ಲಿ ಎಂದಿನ ಗದ್ದಲ ಎದ್ದಿತ್ತು. ಕೆಂಪಣ್ಣ ಅವನನ್ನು ಮದುವೆಗೆ ಮತ್ತೆ ಕರೆಯಲೆಂದು ಎಲೆಅಡಿಕೆ ಹುಡುಕಲು ಓಡಿದ. ಹುಚ್ಚಮ್ಮನ ಮನೆಗೆ ಆ ಸಂಜೆ ಹದಿನಾಲ್ಕು ವರ್ಷದ ಮೇಲೆ ಯಾರೋ ಬದನೆಕಾಯಿ ತಂದುಕೊಟ್ಟರಂತೆ, ಅವಳು ಬೈದು ಇಟ್ಟುಕೊಂಡಳಂತೆ. ಮುಂದಿನ ವರ್ಷ ಗುತ್ತಿಗೆ ಮತ್ತೆ ದೇರಪ್ಪನಿಗೆ ಹೋಯಿತು, ಮುನ್ನೂರ ಐದಕ್ಕೆ. ಹರಾಜಿನಲ್ಲಿ ಸಣ್ಣಸ್ವಾಮಿ ಗೋಡೆಗೊರಗಿ ನಿಂತೇ ಇದ್ದ.

ಎಲ್ಲರಿಗೂ ಕಾಸು ಕೊಟ್ಟ ಆ ಶುಕ್ರವಾರದ ಸಂಜೆ ಅವನು ಕುರ್ಚಿ ಹೊತ್ತು ಶಾಲೆಗೆ ಬಂದ. ಇಟ್ಟ ಮೇಲೂ ಹೋಗದೆ ನಿಂತ.

"ಮೇಷ್ಟ್ರೇ, ಆವತ್ತು ನಿಮ್ಮತ್ರ ಅರ್ಧಾಣೆ ಈಸ್ಕಂಡಿದ್ದೆ. ರಶೀದೀನೂ ಕೊಟ್ಟಿದ್ದೆ. ಅಲ್ಲಿಗೆ ಸರಿಗೆ ಸರಿ ಆಗೋಯ್ತು."

"ಆಯಿತಲ್ಲ, ಇನ್ನೇನು?"

ಅವನು ನನ್ನ ಮೇಜಿನ ಮೇಲೆ ಒಂದು ಕಾಸು ಇಟ್ಟ. ನನ್ನ ಮುಖ ನೋಡದೆ ಮೆಟ್ಟಿಲಿಳಿದು ಹೋದ.

ಅದಾದ ಮೇಲೆ ನನಗೆ ನಾಲ್ಕು ಊರಿಗೆ ವರ್ಗವಾಯಿತು, ಈಗ ನಿವೃತ್ತಿಯೂ ಆಗಿದೆ. ಆ ಕಾಸನ್ನು ನಾನು ಇನ್ನೂ ತಿರುಗಿಸಿಲ್ಲ.